ದಾಕ್ಷಾಯಣಿಯ ಥರ್ಮಾಮೀಟರ್

ನಮ್ಮೂರಿನಲ್ಲಿ ಜ್ವರವನ್ನು ಹಂಚಿಕೊಳ್ಳುತ್ತಾರೆ. ಜ್ವರ ಬಂದು ಮಲಗಿದವರ ಪಕ್ಕ ಕೂತು, ಮಣಿಕಟ್ಟು ಹಿಡಿದು, "ನನಗೊಂದು ಡಿಗ್ರಿ ಕೊಡು" ಎಂದು ಕೇಳಬೇಕು. ಅವರು "ತಗೋ" ಎನ್ನಬೇಕು. ಅಷ್ಟು ಹೇಳಿದ ಮೇಲೆ ಒಂದು ಲೋಟ ಕಾಫಿ ಕುಡಿದು ಮುಗಿಸುವಷ್ಟರಲ್ಲಿ ಅವರಲ್ಲಿ ಒಂದು ಡಿಗ್ರಿ ಇಳಿದು, ಕೇಳಿದವರಲ್ಲಿ ಒಂದು ಡಿಗ್ರಿ ಏರಿರುತ್ತದೆ. ರೋಗ ಹೋಗುವುದಿಲ್ಲ, ಅದಕ್ಕೆ ಡಾಕ್ಟರು, ಔಷಧಿ, ಪಥ್ಯ ಎಲ್ಲವೂ ಬೇಕು. ಹೋಗುವುದು ಬಿಸಿ ಮಾತ್ರ. ತೆಗೆದುಕೊಂಡವರ ಮೈಯಲ್ಲಿ ಅದು ಒಂದೆರಡು ದಿನ ಇದ್ದು ತಾನಾಗಿ ಆರಿಹೋಗುತ್ತದೆ. ಕೊಡುವವರು ಬಾಯಿಬಿಟ್ಟು ಕೊಡದಿದ್ದರೆ ಮಾತ್ರ ಯಾರಿಂದಲೂ ಅದನ್ನು ಕಸಿದುಕೊಳ್ಳಲು ಆಗುವುದಿಲ್ಲ.

ಇದಕ್ಕೆ ಊರು ಎಂದೋ ಹೊಂದಿಕೊಂಡುಬಿಟ್ಟಿದೆ. ಅಂಚೆ ಕಚೇರಿಯ ಗುಮಾಸ್ತೆ ರಜೆಚೀಟಿಯಲ್ಲಿ "ಅತ್ತಿಗೆಯ ಎರಡು ಡಿಗ್ರಿ ನನ್ನಲ್ಲಿರುವುದರಿಂದ" ಎಂದು ಬರೆದರೆ ಮೇಲಿನವರು ಮರುಮಾತಿಲ್ಲದೆ ಸಹಿ ಹಾಕುತ್ತಾರೆ. ಹೆಣ್ಣು ಕೊಡುವಾಗ ಹುಡುಗನ ಮನೆಯವರು ಎಂಥವರು, ಸೊಸೆಯ ಜ್ವರಕ್ಕೆ ಕೈ ನೀಡುವ ಜನವೋ ಅಲ್ಲವೋ ಎಂದು ವಿಚಾರಿಸುತ್ತಾರೆ. ದೊಡ್ಡವರು ಎರಡು ಡಿಗ್ರಿಗಿಂತ ಹೆಚ್ಚು ಹೊರಬಾರದು, ಅರವತ್ತು ದಾಟಿದವರು ಒಂದೇ ಡಿಗ್ರಿ, ಮಕ್ಕಳು ಮುಟ್ಟಲೇಬಾರದು. ಇದು ಕಟ್ಟಳೆ. ಕಟ್ಟಳೆ ಉಳಿಯಬೇಕೆಂದರೆ ಅಳತೆ ಸರಿಯಿರಬೇಕು. ಹಾಗಾಗಿ ನಮ್ಮೂರಲ್ಲಿ ಥರ್ಮಾಮೀಟರ್ ಇಲ್ಲದ ಮನೆಯನ್ನು ಒಲೆ ಇಲ್ಲದ ಮನೆಯ ಹಾಗೆ ನೋಡುತ್ತಾರೆ.

ನಾನು ಶೇಷಾದ್ರಿ. ಗಾಣಿಗರ ಬೀದಿಯ ಮೂಲೆಯಲ್ಲಿ ಹತ್ತೊಂಬತ್ತು ವರ್ಷದಿಂದ ಮೆಡಿಕಲ್ ಶಾಪು ನಡೆಸುತ್ತಿದ್ದೇನೆ. ಜ್ವರದ ಕೈಯಲ್ಲಿ ಔಷಧಿ ಕೊಟ್ಟು ತಪ್ಪಾದರೆ ಕಷ್ಟವೆಂದು ಔಷಧಿ ಅಂಗಡಿಯವರಿಗೆ ಈ ಹಂಚಿಕೆಯಿಂದ ವಿನಾಯಿತಿಯಿದೆ. ಆ ವಿನಾಯಿತಿ ನನಗೆ ಬಹಳ ಹಿತವಾಗಿತ್ತು ಎಂಬುದನ್ನು ಮುಚ್ಚಿಟ್ಟು ಪ್ರಯೋಜನವಿಲ್ಲ. ಆದರೆ ಇದು ನನ್ನ ಕಥೆಯಲ್ಲ, ನಮ್ಮ ಬೀದಿಯ ಟೈಲರ್ ದಾಕ್ಷಾಯಣಿಯ ಕಥೆ.

ದಾಕ್ಷಾಯಣಿಗೆ ಆಗ ಮೂವತ್ನಾಲ್ಕು ವರ್ಷ. ಗಂಡ ಬಸವಲಿಂಗ ಡೈರಿಯ ಹಾಲಿನ ವ್ಯಾನು ಓಡಿಸುತ್ತಿದ್ದ. ಮಗಳು ಅಮೃತಾಗೆ ಏಳು ವರ್ಷ. ಗಂಟಲಿನ ತೊಂದರೆಯಿಂದ ತಿಂಗಳಿಗೊಮ್ಮೆಯಾದರೂ ಜ್ವರ ಬರುತ್ತಿತ್ತು. ಅತ್ತೆ ಗುರುಬಸಮ್ಮನವರಿಗೆ ಎಪ್ಪತ್ತೊಂದು. ಎರಡು ವರ್ಷದ ಹಿಂದೆ ಅವರ ಹೃದಯದ ನಾಳಕ್ಕೆ ಸ್ಟೆಂಟ್ ಹಾಕಿದ್ದರು. ದಾಕ್ಷಾಯಣಿ ಮುಂದಿನ ಕೋಣೆಯಲ್ಲೇ ಮಿಷನ್ನು ಇಟ್ಟುಕೊಂಡು ರವಿಕೆ ಹೊಲಿಯುತ್ತಿದ್ದಳು. ಅವಳು ಹೊಲಿದ ರವಿಕೆಯನ್ನು ಬಿಚ್ಚಿ ಮತ್ತೆ ಹೊಲಿಸಿದವರು ನಮ್ಮ ಬೀದಿಯಲ್ಲಿ ಯಾರೂ ಇಲ್ಲ. ಅಳತೆಯ ವಿಷಯದಲ್ಲಿ ಅವಳಿಗೆ ತನ್ನ ಕಣ್ಣಿನ ಮೇಲೆ, ಕೈಯ ಮೇಲೆ ಪೂರ್ತಿ ಭರವಸೆ.

ಅವರ ಮನೆಯಲ್ಲಿದ್ದ ಹಳೆಯ ಪಾದರಸದ ಗಾಜಿನ ಥರ್ಮಾಮೀಟರ್ ಒಂದು ದಿನ ಕೈಜಾರಿ ಬಿದ್ದು ಒಡೆಯಿತು. ದಾಕ್ಷಾಯಣಿ ಮಗಳನ್ನು ಹೊರಗೆ ಕಳಿಸಿ, ಕಿಟಕಿ ತೆಗೆದು, ಪಾದರಸದ ಗುಂಡುಗಳನ್ನು ಕಾಗದದ ಮೇಲೆ ಉರುಳಿಸಿ ಡಬ್ಬಿಗೆ ಹಾಕಿ, ಕೈ ತೊಳೆದುಕೊಂಡು ನೇರವಾಗಿ ನನ್ನ ಅಂಗಡಿಗೆ ಬಂದಳು.

ಗಾಜಿನದು ಇನ್ನು ಬೇಡ, ಅದರ ಬದಲಿಗೆ ಏನಿದೆ ತೋರಿಸಿ ಎಂದಳು. ನಾನು ಮೊದಲು ತೋರಿಸಿದ್ದು ಹಣೆಯ ಮುಂದೆ ಹಿಡಿದು ಗುಂಡಿ ಒತ್ತುವ ಗನ್ನು. ಅದರಲ್ಲಿ ನನಗೆ ಲಾಭ ಹೆಚ್ಚು. ಮುಟ್ಟುವುದೇ ಬೇಡ, ಒಂದೇ ಸೆಕೆಂಡಿನಲ್ಲಿ ಬಣ್ಣದ ದೀಪದ ಸಮೇತ ಅಂಕಿ ಬರುತ್ತದೆ ಎಂದು ಹೊಗಳಿದೆ. ಅವಳು ಅದನ್ನು ತನ್ನ ಹಣೆಗೆ ಹಿಡಿದು ನೋಡಿದಳು. ಆಮೇಲೆ ಕೌಂಟರಿನ ಮೇಲಿದ್ದ ನನ್ನ ನೀರಿನ ಬಾಟಲಿಯಿಂದ ಎರಡು ಹನಿ ಬೆರಳಿಗೆ ತಾಗಿಸಿ, ಹಣೆ ಒದ್ದೆ ಮಾಡಿಕೊಂಡು, ಫ್ಯಾನಿನ ಕೆಳಗೆ ನಿಂತು ಮತ್ತೊಮ್ಮೆ ಒತ್ತಿದಳು. ಎರಡು ಡಿಗ್ರಿ ಕಡಿಮೆ ಬಂತು.

"ಇದು ಚರ್ಮ ನೋಡ್ತಿದೆ ಶೇಷಾದ್ರಿಯವರೇ, ಜ್ವರ ಅಲ್ಲ" ಎಂದಳು.

ಹಣೆ ಒಣಗಿಸಿಕೊಂಡು, ಫ್ಯಾನು ಆರಿಸಿ, ಸ್ವಲ್ಪ ಹೊತ್ತು ಬಿಟ್ಟು ನೋಡಿದರೆ ಸರಿಯಾಗಿಯೇ ತೋರಿಸುತ್ತದೆ ಎಂದು ನಾನು ಸಮಜಾಯಿಷಿ ಕೊಟ್ಟೆ. ಅದು ಸುಳ್ಳೇನಲ್ಲ. ಜ್ವರದ ಮಗು ಬೆವರದೆ ಕೂತಿರುತ್ತದೆಯೇ ಎಂದು ಅವಳು ಕೇಳಿದಳು. ಹಣೆಗೆ ಅಂಟಿಸುವ ಪಟ್ಟಿಯನ್ನು ತೋರಿಸಿದೆ. ಬಹಳ ಅಗ್ಗ. ಅದು ಜ್ವರ ಇದೆಯೋ ಇಲ್ಲವೋ ಹೇಳುತ್ತದೆ, ಎಷ್ಟಿದೆ ಎಂದು ಹೇಳುವುದಿಲ್ಲ, ನಮ್ಮೂರಿಗೆ ಅದು ಸಾಲದು ಎಂದು ಪಕ್ಕಕ್ಕಿಟ್ಟಳು. ಉಳಿದದ್ದು ಕಂಕುಳಲ್ಲಿ ಇಡುವ ಡಿಜಿಟಲ್ ಕಡ್ಡಿಗಳು. ನನ್ನಲ್ಲಿ ಮೂರು ಬಗೆ ಇದ್ದವು: ಹೆಸರೇ ಇಲ್ಲದ ತೀರಾ ಅಗ್ಗದ್ದು, ನೂರೈವತ್ತರ ಒಳಗಿನ ಸಾಧಾರಣದ್ದು, ಮತ್ತು ತುದಿ ಬಳುಕುವ, ಹತ್ತೇ ಸೆಕೆಂಡಿನಲ್ಲಿ ಕೂಗುವ ದುಬಾರಿಯದು.

ಅವಳು ಒಂದು ಲೋಟ ಬೆಚ್ಚಗಿನ ನೀರು ಕೇಳಿದಳು. ಅಂಗಡಿಯಲ್ಲಿ ನಾಲ್ಕು ಜನ ಗಿರಾಕಿಗಳು ಕಾಯುತ್ತಿದ್ದರು. ನನಗೆ ಕಿರಿಕಿರಿಯಾದರೂ ಫ್ಲಾಸ್ಕಿನ ನೀರಿಗೆ ತಣ್ಣೀರು ಬೆರೆಸಿ ಕೊಟ್ಟೆ. ಮೂರನ್ನೂ ಒಟ್ಟಿಗೆ ಹಿಡಿದು ತುದಿಯನ್ನಷ್ಟೇ ನೀರಿಗಿಳಿಸಿದಳು. ಬೇರೆ ಬೇರೆ ಹಾಕಿದರೆ ನೀರು ಆರುತ್ತಾ ಹೋಗುತ್ತದೆ, ಬಿಸಿ ಮೂರಕ್ಕೂ ಒಂದೇ ಆಗಿರಲಿ ಎಂದು ತಾನೇ ಹೇಳಿಕೊಂಡಳು. ಕೂಗಿದ ಮೇಲೆ ಅಂಕಿ ನೋಡಿ, ಆರಿಸಿ, ಮತ್ತೆ ಇಳಿಸಿದಳು. ಹೀಗೆ ಮೂರು ಸಲ. ಮೂರು ಸಲವೂ ಸಾಧಾರಣದ್ದು ಮತ್ತು ದುಬಾರಿಯದು ಜೊತೆಯಾಗಿ ನಡೆದವು, ಅಗ್ಗದ್ದು ಒಮ್ಮೆ ಮುಂದೆ ಒಮ್ಮೆ ಹಿಂದೆ ಅಡ್ಡಾಡಿತು.

"ಟೇಪು ಅರ್ಧ ಇಂಚು ತಪ್ಪು ತೋರಿಸಿದ್ರೂ ಪರವಾಗಿಲ್ಲ, ಯಾವಾಗ್ಲೂ ಅಷ್ಟೇ ತಪ್ಪು ತೋರಿಸಿದ್ರೆ ನಾನು ಸರಿ ಮಾಡ್ಕೊಂಡು ಕತ್ತರಿಸ್ತೀನಿ" ಎಂದಳು. "ದಿನಕ್ಕೊಂದು ಥರ ಹೇಳೋದು ಮಾತ್ರ ಬೇಡ."

ನಡುವಿನದನ್ನು ಆರಿಸಿಕೊಂಡಳು. ಗುಂಡಿ ಸೆಲ್ಲು ನನ್ನಲ್ಲೇ ಸಿಗುತ್ತದೆಯೇ, ತುದಿಯನ್ನು ಸೋಪಿನ ನೀರಲ್ಲಿ ತೊಳೆಯಬಹುದೇ, ಕಂಕುಳಲ್ಲಿ ಎಷ್ಟು ಹೊತ್ತು ಇಡಬೇಕು ಎಂದು ಕೇಳಿ ತಿಳಿದುಕೊಂಡಳು. ಬೆವರು ಒರೆಸಿ, ತೋಳು ಒತ್ತಿ ಹಿಡಿದು, ಕೂಗಿದ ಮೇಲೂ ಒಂದು ನಿಮಿಷ ಬಿಡಿ ಎಂದೆ. ಅಂದು ಕಾಯುತ್ತಿದ್ದ ಗಿರಾಕಿಗಳಲ್ಲಿ ಮೂವರು ಆ ವಾರದಲ್ಲೇ ಬಂದು "ದಾಕ್ಷಾಯಣಿ ತಗೊಂಡಿದ್ದನ್ನೇ ಕೊಡಿ" ಎಂದರು.

ಆದರೆ ಮನೆಯಲ್ಲಿ ಆ ಕಡ್ಡಿಗೆ ಅಂಥ ಮರ್ಯಾದೆ ಸಿಗಲಿಲ್ಲ. ಹದಿನೈದು ದಿನವೂ ಕಳೆದಿರಲಿಲ್ಲ, ಗುರುಬಸಮ್ಮನವರ ತಮ್ಮನ ಮಗ ದೊಡ್ಡ ಊರಿನಿಂದ ಅತ್ತೆಗೆಂದು ಒಂದು ಗನ್ನು ತಂದುಕೊಟ್ಟ. ತವರಿನ ಉಡುಗೊರೆ. ಗುರುಬಸಮ್ಮ ಅದನ್ನು ಮಗ್ಗುಲಲ್ಲೇ ಇಟ್ಟುಕೊಂಡರು. ಕಂಕುಳಿಗೆ ಕಡ್ಡಿ ಸಿಕ್ಕಿಸಿಕೊಂಡು ಕೂರುವುದು ತನಗೆ ಸರಿಹೋಗದು, ಇದಾದರೆ ಕುಪ್ಪಸ ಸಡಿಲಿಸುವ ಗೋಜಿಲ್ಲ ಎಂದರು. ದಾಕ್ಷಾಯಣಿ ಅದರ ದೋಷವನ್ನು ಒಮ್ಮೆ ಹೇಳಿದಳು. ಅತ್ತೆಯ ಮುಖ ಚಿಕ್ಕದಾದದ್ದನ್ನು ಕಂಡು ಸುಮ್ಮನಾದಳು. ಮಗಳಿಗೆ ಕಡ್ಡಿ, ಅತ್ತೆಗೆ ಗನ್ನು ಎಂದು ಮನೆಯಲ್ಲಿ ಎರಡು ಅಳತೆಗಳು ನಡೆಯತೊಡಗಿದವು. ಹೊಲಿಗೆಯಲ್ಲಾದರೆ ಒಂದೇ ಬಟ್ಟೆಗೆ ಎರಡು ಟೇಪು ಇಡಲು ಅವಳು ಬಿಡುತ್ತಿರಲಿಲ್ಲ. ಅತ್ತೆಯ ಸಂತೋಷಕ್ಕೆಂದು ಬಿಟ್ಟಳು. ಆ ಒಂದು ಸಲ ತಾನು ಸಡಿಲಬಿಟ್ಟೆ ಎಂದು ಆಮೇಲೆ ಅವಳೇ ನನ್ನ ಹತ್ತಿರ ಹೇಳಿದ್ದಾಳೆ.

ಚಳಿಗಾಲ ಕಳೆಯುವ ಹೊತ್ತಿಗೆ ಒಂದು ಶನಿವಾರ ಅಮೃತಾಗೆ ಮತ್ತೆ ಗಂಟಲು ಕಟ್ಟಿ ಜ್ವರ ಬಂತು. ಡಾಕ್ಟರು ನೋಡಿ ಔಷಧಿ ಬರೆದುಕೊಟ್ಟರು. ದಾಕ್ಷಾಯಣಿ ತಾನು ಎರಡು ಡಿಗ್ರಿ ತೆಗೆದುಕೊಂಡಳು. ಭಾನುವಾರ ಬೆಳಿಗ್ಗೆ ಅವಳಲ್ಲಿ ಅದು ಒಂದಕ್ಕೆ ಇಳಿದಿತ್ತು, ಆದರೆ ಮಗಳಿಗೆ ಮತ್ತೆ ನೂರ ನಾಲ್ಕಕ್ಕೆ ಏರಿತ್ತು. ಬಸವಲಿಂಗ ನಸುಕಿನಲ್ಲೇ ವ್ಯಾನು ತೆಗೆದುಕೊಂಡು ಹೋಗಿದ್ದ, ಬರುವುದು ಸಂಜೆಗೆ. ಅಂದು ಮಧ್ಯಾಹ್ನವೇ ಮದುವೆಯಿದ್ದ ಮನೆಯೊಂದಕ್ಕೆ ದಾಕ್ಷಾಯಣಿ ಆರು ರವಿಕೆ ಮುಟ್ಟಿಸಬೇಕಿತ್ತು. ಔಷಧಿ ಕುಡಿಸಿ, ಪಕ್ಕದ ಮನೆಯ ಜುಬೇದಾಳನ್ನು ಕರೆದಳು. ಜುಬೇದಾ ಮರುಮಾತಾಡದೆ ಒಂದು ಡಿಗ್ರಿ ತೆಗೆದುಕೊಂಡು ತನ್ನ ಮನೆಗೆ ಹೋಗಿ ಕಸೂತಿ ಹಿಡಿದು ಕೂತಳು. ಅತ್ತೆಗೆ ಒಂದೇ ಡಿಗ್ರಿ ತೆಗೆದುಕೊಳ್ಳಿ, ಅದಕ್ಕಿಂತ ಹೆಚ್ಚು ಬೇಡ ಎಂದು ಎರಡು ಸಲ ಹೇಳಿ ದಾಕ್ಷಾಯಣಿ ಹೊರಟಳು.

ಅವಳು ತಿರುಗಿ ಬಂದಾಗ ಒಂದು ಗಂಟೆಯಾಗಿತ್ತು. ಅಮೃತಾ ಹಾಸಿಗೆಯ ಮೇಲೆ ಕೂತು ಅಮ್ಮನ ಹೊಲಿಗೆಯ ಗುಂಡಿಗಳ ಡಬ್ಬಿಯನ್ನು ಸುರುವಿಕೊಂಡು ಬಣ್ಣಬಣ್ಣದ್ದನ್ನು ಬೇರೆ ಮಾಡುತ್ತಿದ್ದಳು. ಕಂಕುಳಿಗೆ ಕಡ್ಡಿಯಿಟ್ಟರೆ ತೊಂಬತ್ತೊಂಬತ್ತೂವರೆ. ದಾಕ್ಷಾಯಣಿಗೆ ಒಂದು ಗಳಿಗೆ ಹಾಯೆನಿಸಿತು. ಆದರೆ ಅಳತೆಯ ಬುದ್ಧಿ ಸುಮ್ಮನಿರಲಿಲ್ಲ. ಬೆಳಿಗ್ಗೆ ನೂರ ನಾಲ್ಕು. ಜುಬೇದಾ ತೆಗೆದುಕೊಂಡದ್ದು ಒಂದು. ಅತ್ತೆಗೆ ಒಂದು. ಔಷಧಿಯಿಂದ ಈ ಹೊತ್ತಿಗೆ ಇನ್ನೂ ಮುಕ್ಕಾಲು ಡಿಗ್ರಿ ಇಳಿದಿದ್ದರೂ ನೂರ ಒಂದರ ಮೇಲೇ ಇರಬೇಕಿತ್ತು. ಕತ್ತರಿಸಿದ ಬಟ್ಟೆಯಲ್ಲಿ ಒಂದು ತುಂಡು ಕಾಣೆಯಾಗಿತ್ತು.

ಗುರುಬಸಮ್ಮ ಗೋಡೆಗೊರಗಿ ಕೂತಿದ್ದರು. ಸೆರಗಿನ ತುದಿ ಒದ್ದೆಯಾಗಿತ್ತು. ಫ್ಯಾನು ಜೋರಾಗಿ ತಿರುಗುತ್ತಿತ್ತು. ಸೊಸೆ ಕೇಳುವ ಮೊದಲೇ ಗನ್ನನ್ನು ಹಣೆಗೆ ಹಿಡಿದು ಹಸಿರು ದೀಪ ತೋರಿಸಿದರು. ತೊಂಬತ್ತೊಂಬತ್ತು.

ದಾಕ್ಷಾಯಣಿ ಎದ್ದು ಫ್ಯಾನು ಆರಿಸಿದಳು. ಕಡ್ಡಿಯನ್ನು ತೊಳೆದು ಒರೆಸಿ ಅತ್ತೆಯ ಮುಂದೆ ಹಿಡಿದಳು.

"ಇದನ್ನ ಇಟ್ಕೊಳ್ಳಿ ಅತ್ತೆ."

"ಆಗ್ಲೇ ನೋಡಿಲ್ವೇನೇ? ನನ್ನ ಮೇಲೆ ನಂಬಿಕೆ ಇಲ್ವಾ ನಿಂಗೆ?"

"ನೀವು ಇವಳಿಗೋಸ್ಕರ ಏನು ಬೇಕಾದ್ರೂ ಮಾಡ್ತೀರಿ ಅಂತ ನಂಬಿಕೆ ಇದೆ. ಅದಕ್ಕೇ ಕೊಡ್ತಿರೋದು."

ಗುರುಬಸಮ್ಮ ಮುಖ ತಿರುಗಿಸಿಕೊಂಡರು. ದಾಕ್ಷಾಯಣಿ ದನಿ ಏರಿಸಲಿಲ್ಲ. ಗಿರಾಕಿಯ ಅಳತೆ ತೆಗೆಯುವಾಗ ಮಾಡುವಂತೆ ಮೆಲ್ಲಗೆ ಅವರ ತೋಳೆತ್ತಿ, ಕಡ್ಡಿ ಇಟ್ಟು, ತೋಳನ್ನು ಒತ್ತಿ ಹಿಡಿದು ಪಕ್ಕದಲ್ಲೇ ಕೂತಳು. ಅದು ಕೂಗಿತು. ಮತ್ತೂ ಒಂದು ನಿಮಿಷ ಕಾದಳು. ನೂರ ಮೂರು ಪಾಯಿಂಟ್ ನಾಲ್ಕು.

ಅಮೃತಾಳನ್ನು ಕೇಳಿದಾಗ ಅವಳು ಎಲ್ಲವನ್ನೂ ಹೇಳಿದಳು. ಮೈ ಮತ್ತೆ ಬಿಸಿಯೇರಿದಾಗಲೆಲ್ಲ ಅಜ್ಜಿ ಕೇಳಿದರು, ಕೇಳಿದ ಹಾಗೆಲ್ಲ ತಾನು "ತಗೋ" ಎಂದೆ, ಎಷ್ಟು ಸಲ ಎಂದು ಲೆಕ್ಕ ಇಟ್ಟಿಲ್ಲ. ಹಿಂದಿನ ಸಲವೂ ಹೀಗೇ, ಅದರ ಹಿಂದಿನ ಸಲವೂ. ಗನ್ನು ಬಂದ ಮೇಲೆ ಅಮೃತಾಳ ಜ್ವರ ಬೇಗ ಇಳಿಯುತ್ತಿದ್ದುದು, ಅತ್ತೆ ಆಮೇಲೆ ಎರಡು ದಿನ ಮೈಕೈ ನೋವೆಂದು ಮಲಗುತ್ತಿದ್ದುದು, ಎರಡೂ ದಾಕ್ಷಾಯಣಿಗೆ ಈಗ ಒಂದಕ್ಕೊಂದು ಹೊಂದಿ ಕಾಣಿಸಿತು.

ಡಾಕ್ಟರಿಗೆ ಫೋನು ಮಾಡಿದಳು. ಅವರು ಪಕ್ಕದ ಊರಿನಲ್ಲಿದ್ದರು, ಬರಲು ಒಂದು ಗಂಟೆಯಾದರೂ ಬೇಕು. ಸ್ಟೆಂಟ್ ಹಾಕಿದ ಜೀವ, ಎದೆಬಡಿತ ಜೋರಾಗಿದೆಯಾದರೆ ಮೊದಲು ಜ್ವರವನ್ನು ಹಂಚಿ ಇಳಿಸಿ, ಜ್ವರದ ಮಾತ್ರೆ ಕೊಡಿ, ನಾನು ನೇರವಾಗಿ ಮನೆಗೇ ಬರುತ್ತೇನೆ ಎಂದರು. ದಾಕ್ಷಾಯಣಿ ಜುಬೇದಾಳನ್ನು ಕರೆದಳು. ನನಗೂ ಫೋನು ಮಾಡಿ, ಮಾತ್ರೆ ತೆಗೆದುಕೊಂಡು ತಾವೇ ಬನ್ನಿ ಎಂದಳು. ಭಾನುವಾರ ಮಧ್ಯಾಹ್ನ ನಾನು ಅಂಗಡಿ ಮುಚ್ಚಿ ಊಟಕ್ಕೆ ಹೊರಟಿದ್ದೆ. ಮಾತ್ರೆ ಕೊಟ್ಟು ಹೋಗಿಬಿಡೋಣ ಎಂದುಕೊಂಡು ಹೋದೆ.

ಹೋದಾಗ ಗುರುಬಸಮ್ಮನವರ ತುಟಿ ಒಣಗಿ ಬಿಳಿಚಿತ್ತು, ಉಸಿರು ಮೇಲುಮೇಲೆ ಬರುತ್ತಿತ್ತು. ಜುಬೇದಾ ಅವರ ಒಂದು ಕೈ ಹಿಡಿದಿದ್ದಳು, ದಾಕ್ಷಾಯಣಿ ಇನ್ನೊಂದನ್ನು. ಇಬ್ಬರೂ ಕೇಳಿಯಾಗಿತ್ತು. ಮುದುಕಿ ಬಾಯಿ ಬಿಗಿಹಿಡಿದು ಒಲ್ಲೆನೆಂದು ತಲೆಯಾಡಿಸುತ್ತಿದ್ದರು. ತಾನು ಬದುಕಿ ಬಾಳಿದವಳು, ತನ್ನದನ್ನು ಇನ್ನೊಬ್ಬರ ಮೇಲೆ ಹೇರುವುದಿಲ್ಲ, ಮಗು ಗೆಲುವಾದರೆ ಸಾಕು ಎಂಬುದು ಅವರ ಮಾತು. ಜುಬೇದಾ ಅತ್ತಳು, ಬೇಡಿಕೊಂಡಳು. ನಾನೂ ಎರಡು ಮಾತು ಹೇಳಿದೆ. ಅವರು ಕಣ್ಣು ಮುಚ್ಚಿಕೊಂಡರು.

ದಾಕ್ಷಾಯಣಿ ಬೇಡಿಕೊಳ್ಳಲಿಲ್ಲ. ಅತ್ತೆಯ ಎದುರಿಗೆ ಸರಿದು ಕೂತಳು.

"ಅತ್ತೆ, ಇವಳ ಗಂಟಲು ಇವತ್ತಿಗೇ ವಾಸಿಯಾಗಲ್ಲ. ಹತ್ತು ಹನ್ನೆರಡು ವರ್ಷದವಳಾಗೋವರೆಗೂ ಹೀಗೇ ಬರ್ತಿರುತ್ತೆ ಅಂತ ಡಾಕ್ಟ್ರು ಹೇಳಿದಾರೆ. ಪ್ರತಿ ಸಲವೂ ನಂಗೆ ನಿಮ್ಮ ಒಂದು ಡಿಗ್ರಿ ಬೇಕು. ಇವತ್ತು ನಾಲ್ಕೈದು ತಗೊಂಡು ನೀವು ಹೋಗ್ಬಿಟ್ರೆ, ಮುಂದಿನ ತಿಂಗಳು ಆ ಒಂದು ಡಿಗ್ರಿಗೆ ನಾನು ಯಾರ ಮನೆ ಬಾಗಿಲು ತಟ್ಟಲಿ?"

ಗುರುಬಸಮ್ಮ ಕಣ್ಣು ತೆರೆದರು. ಅಮೃತಾ ಗುಂಡಿಗಳನ್ನು ಬಿಟ್ಟು ಬಂದು ಅಜ್ಜಿಯ ಕಾಲ ಬಳಿ ಕೂತಿದ್ದಳು.

"ತಗೊಳ್ರೇ" ಎಂದರು ಕೊನೆಗೆ, ಕೇಳಿಸಿಯೂ ಕೇಳಿಸದ ಹಾಗೆ.

ನಾನು ತಂದ ಮಾತ್ರೆ ನುಂಗಿಸಿ, ಜುಬೇದಾ ಇನ್ನೊಂದು ಡಿಗ್ರಿ ತೆಗೆದುಕೊಂಡಳು. ಬೆಳಗಿನದೂ ಸೇರಿ ಅವಳಿಗೆ ಎರಡಾಯಿತು. ದಾಕ್ಷಾಯಣಿಯಲ್ಲಿ ನಿನ್ನೆಯದೇ ಒಂದು ಉಳಿದಿತ್ತು. ಅವಳೂ ಒಂದು ತೆಗೆದುಕೊಂಡಳು. ಕಡ್ಡಿ ಇಟ್ಟು ನೋಡಿದಾಗ ನೂರ ಒಂದು ಪಾಯಿಂಟ್ ನಾಲ್ಕು. ಎದೆಬಡಿತ ಇನ್ನೂ ಇಳಿದಿರಲಿಲ್ಲ. ದಾಕ್ಷಾಯಣಿ ಮತ್ತೆ ಕೇಳಲು ಬಾಯಿ ತೆರೆದವಳು ತಡೆದು ನಿಂತಳು. ತನಗೆ ಎರಡಾಗಿದೆ. ಕಟ್ಟಳೆ ಮುರಿದರೆ ಅತ್ತೆಗೆ ಹೇಳಲು ತನಗೇನು ಬಾಯಿ? ಅವಳು ತಲೆಯೆತ್ತಿ ನನ್ನನ್ನು ನೋಡಿದಳು.

"ಎರಡು ಡಿಗ್ರಿ ಉಳಿದಿದೆ ಶೇಷಾದ್ರಿಯವರೇ. ಕೂತ್ಕೊಳ್ಳಿ."

ಅಂಗಡಿಯವರಿಗೆ ವಿನಾಯಿತಿಯಿದೆ ಎಂದು ಅವಳಿಗೆ ಗೊತ್ತಿರಲಿಲ್ಲವೆಂದಲ್ಲ. ನಾನು ನೆಪ ಹೇಳುತ್ತೇನೆಂಬ ಅನುಮಾನವೇ ಆ ದನಿಯಲ್ಲಿರಲಿಲ್ಲ. ನಾಲಿಗೆಯ ತುದಿಗೆ ಬಂದದ್ದನ್ನು ನುಂಗಿಕೊಂಡು, ಚಪ್ಪಲಿ ಬಿಟ್ಟು ಒಳಗೆ ಹೋಗಿ ಕೂತೆ. ಹತ್ತೊಂಬತ್ತು ವರ್ಷದಲ್ಲಿ ಮೊದಲ ಬಾರಿಗೆ ಇನ್ನೊಬ್ಬರ ಮಣಿಕಟ್ಟು ಹಿಡಿದೆ. ಚರ್ಮ ಕಾಗದದ ಹಾಗೆ ತೆಳ್ಳಗಿತ್ತು, ಒಳಗೆ ನಾಡಿ ಓಡುತ್ತಿತ್ತು. ಎರಡು ಡಿಗ್ರಿ ಕೊಡಿ ಅಮ್ಮ ಎಂದೆ. ಕೊಟ್ಟರು. ಬೆನ್ನಿನಿಂದ ಚಳಿ ಹತ್ತತೊಡಗಿತು, ಮೊಣಕಾಲಿನ ಕೀಲುಗಳು ಎಳೆದಂತಾದವು, ಬಾಯಿ ಕಹಿಯಾಯಿತು. ಜನ ಇದನ್ನು ಹೊತ್ತುಕೊಂಡೇ ನನ್ನ ಅಂಗಡಿಗೆ ಬಂದು ನಗುತ್ತಾ ಮಾತಾಡಿಸಿ ಹೋಗುತ್ತಿದ್ದರಲ್ಲ ಎಂದು ಆಗ ಹೊಳೆಯಿತು.

ಡಾಕ್ಟರು ಬಂದಾಗ ಗುರುಬಸಮ್ಮನವರಿಗೆ ತೊಂಬತ್ತೊಂಬತ್ತೂ ಚಿಲ್ಲರೆ. ಎದೆಬಡಿತ ನೋಡಿ, ಬಿಪಿ ನೋಡಿ, ಇನ್ನರ್ಧ ದಿನ ತಡವಾಗಿದ್ದರೆ ಈ ಮಾತೇ ಬೇರೆಯಿತ್ತು ಎಂದು ದಾಕ್ಷಾಯಣಿಯನ್ನು ಹೊರಗೆ ಕರೆದು ಹೇಳಿದರು. ನಾಳೆ ಬೆಳಿಗ್ಗೆ ಕರೆತನ್ನಿ, ಇಸಿಜಿ ಮಾಡೋಣ ಎಂದು ಹೊರಟರು. ಜುಬೇದಾ ಗಂಜಿ ಮಾಡಿ ತಂದಳು. ನನಗೆ ಎದ್ದು ಮನೆಗೆ ಹೋಗುವ ತ್ರಾಣವಿರಲಿಲ್ಲ. ಬಾಗಿಲ ಪಕ್ಕದ ಚಾಪೆಯ ಮೇಲೆ ದಾಕ್ಷಾಯಣಿ ಕೊಟ್ಟ ಕಂಬಳಿ ಹೊದ್ದು ಕೂತೆ. ಅಮೃತಾ ನಿದ್ದೆಹೋದಳು.

ಆಗ ಗುರುಬಸಮ್ಮ ತಾವಾಗಿ ಮಾತು ತೆಗೆದರು. ಯಾರೂ ಕೇಳಿರಲಿಲ್ಲ. ಮದುವೆಯಾಗಿ ಈ ಊರಿಗೆ ಬಂದ ಮೂರನೆಯ ವರ್ಷ ಅವರಿಗೆ ಮೊದಲು ಹುಟ್ಟಿದ್ದು ಹೆಣ್ಣುಮಗು. ಪಾರಿಜಾತ ಎಂದು ಹೆಸರಿಟ್ಟಿದ್ದರು. ಎರಡು ವರ್ಷ ತುಂಬಿ ನಾಲ್ಕು ಮಾತು ಕಲಿತ ಮೇಲೆ ತವರಿಗೆ ಕರೆದುಕೊಂಡು ಹೋಗಿದ್ದರು. ಅಲ್ಲಿ ಮಗುವಿಗೆ ಜ್ವರ ಬಂತು. ಅದು ಬೇರೆ ಊರು. ಅಲ್ಲಿ ಯಾರ ಜ್ವರ ಅವರಿಗೇ. ಗುರುಬಸಮ್ಮನಿಗೆ ಅದು ಗೊತ್ತಿತ್ತು, ಹುಟ್ಟಿ ಬೆಳೆದ ಊರಲ್ಲವೇ. ಆದರೂ ಮಗುವಿನ ಮಣಿಕಟ್ಟು ಹಿಡಿದು ಒಂದು ಹಗಲೆಲ್ಲ ಕೇಳುತ್ತಾ ಕೂತರಂತೆ.

"ಕೊಡು ಕಂದಾ ಅಂತಿದ್ದೆ. ಅದು ಪ್ರತಿ ಸಲವೂ ತಗೋ ಅಂತಿತ್ತು. ಬೇರೆ ಮಾತು ಮರೆತಿದ್ರೂ ಅದೊಂದು ಮರೀಲಿಲ್ಲ. ಎಷ್ಟು ಸಲ ಅಂದ್ರೂ ನನ್ನ ಮೈ ಬಿಸಿಯಾಗ್ಲೇ ಇಲ್ಲ."

ದಾಕ್ಷಾಯಣಿ ಅತ್ತೆಯ ಒದ್ದೆ ಸೆರಗನ್ನು ಬಿಡಿಸಿ ತನ್ನ ಒಣ ಶಾಲು ಹೊದಿಸಿದಳು. ಮಗ್ಗುಲಲ್ಲಿದ್ದ ಗನ್ನನ್ನು ಗುರುಬಸಮ್ಮ ತಾವೇ ಎತ್ತಿ ಸೊಸೆಯ ಕೈಗೆ ಕೊಟ್ಟರು. ಬಸವಲಿಂಗನಿಗೆ ಈ ವಿಷಯ ಗೊತ್ತೇ ಎಂದು ದಾಕ್ಷಾಯಣಿ ಕೇಳಿದಳು. ಅವನು ಹುಟ್ಟುವ ಮೊದಲಿನ ಮಾತು, ಯಜಮಾನರೂ ತಾನೂ ಒಮ್ಮೆಯೂ ಬಾಯಿಬಿಟ್ಟಿಲ್ಲ, ಆ ಹೆಸರು ಈ ಮನೆಯಲ್ಲಿ ಯಾರ ಕಿವಿಗೂ ಬಿದ್ದಿಲ್ಲ ಎಂದರು.

ಸಂಜೆ ವ್ಯಾನು ನಿಲ್ಲಿಸಿ ಒಳಗೆ ಬಂದ ಬಸವಲಿಂಗ ಬಾಗಿಲಲ್ಲೇ ನಿಂತುಬಿಟ್ಟ. ಮಗಳ ಜ್ವರ ನೋಡಲು ಬಂದವನಿಗೆ ಕಂಡದ್ದು ಕಂಬಳಿ ಹೊದ್ದ ಔಷಧಿ ಅಂಗಡಿಯವನು, ಕೆಂಪೇರಿದ ಮುಖದ ಜುಬೇದಾ, ಗೋಡೆಗೊರಗಿದ ಹೆಂಡತಿ, ಅವಳ ತೊಡೆಯ ಮೇಲೆ ತಲೆಯಿಟ್ಟು ಮಲಗಿದ ತಾಯಿ. ಏನಾಯಿತೆಂದು ಒಬ್ಬೊಬ್ಬರ ಮುಖವನ್ನೂ ನೋಡಿದ. ದಾಕ್ಷಾಯಣಿ ಹೇಳಲು ಹೊರಟಳು. ಗುರುಬಸಮ್ಮ ಕೈಯೆತ್ತಿ ಅವಳನ್ನು ತಡೆದು, ಗೋಡೆ ಹಿಡಿದು ಮೆಲ್ಲಗೆ ಎದ್ದು ಕೂತರು.

"ಕೈಕಾಲು ತೊಳ್ಕೊಂಡು ಬಾರೋ" ಎಂದರು. "ನಿನಗೊಬ್ಬಳು ಅಕ್ಕ ಇದ್ದಳು. ಕೂತ್ಕೋ, ಹೇಳ್ತೀನಿ."